ಗಂಟು ಹೊತ್ತು ನಡೆದವರ ದಾರಿ

ಕುಪ್ಪೇಲೂರಿನಿಂದ ಗಳಗನಾಥಕ್ಕೆ ಹೋಗಬೇಕೆಂದರೆ ಮೊದಲು ರಾಣೇಬೆನ್ನೂರು, ಆಮೇಲೆ ಗುತ್ತಲ, ಅಲ್ಲಿಂದ ಹೊಳೆಯ ಕಡೆಗೆ. ಬಸ್ಸಿನಲ್ಲಿ ಕೂತು ಹೋದರೂ ಅರ್ಧ ದಿನ ಕೈಬಿಡುತ್ತದೆ. ನಡೆದರೆ ಒಂದು ಹಗಲಿಗೆ ಮುಗಿಯುವ ದಾರಿಯಲ್ಲ. ಹಾವೇರಿ ಸೀಮೆಯ ಇಂಥ ದಾರಿಗಳಲ್ಲಿ ಒಬ್ಬ ಕಾದಂಬರಿಕಾರರು ತಾವು ಬರೆದ ಪುಸ್ತಕಗಳ ಗಂಟನ್ನು ತಾವೇ ಹೊತ್ತು ಊರೂರು ತಿರುಗಿದರು ಎಂಬುದನ್ನು ಶಾಲೆಯಲ್ಲಿ ನಾವೆಲ್ಲ ಓದಿದವರೇ. ಓದಿ ತಿಳಿಯುವುದು ಬೇರೆ, ಆ ನೆಲದ ಮೇಲೆ ಕಾಲಿಟ್ಟು ದೂರವನ್ನು ಕಣ್ಣಿನಿಂದ ಅಳೆಯುವುದು ಬೇರೆ.

ಭಾದ್ರಪದದ ದಿನಗಳು. ಕುಪ್ಪೇಲೂರಿನ ಸುತ್ತ ಗೋವಿನಜೋಳ ಆಳೆತ್ತರ ನಿಂತಿತ್ತು. ನಡುನಡುವೆ ಬೀಜಕ್ಕೆಂದು ಬೆಳೆದ ಹತ್ತಿ. ಹೈಬ್ರಿಡ್ ಬೀಜ ಮಾಡುವುದರಲ್ಲಿ ರಾಣೇಬೆನ್ನೂರು ಸೀಮೆ ಹೆಸರಾದದ್ದು, ಅದನ್ನು ಕಣ್ಣಾರೆ ನೋಡಲೆಂದು ನಮ್ಮ ಸಂಬಂಧಿಕರ ಹೊಲದ ಬದುವಿನ ಮೇಲೆ ಕೂತಿದ್ದೆ. ಮರುದಿನ ಅರಳಬೇಕಾದ ಮೊಗ್ಗನ್ನು ಹೆಣ್ಣುಮಕ್ಕಳು ಸಂಜೆಯೇ ಬಿಡಿಸಿ, ಒಳಗಿನ ಕೇಸರಗಳನ್ನು ಉಗುರಿನಿಂದ ಕಿತ್ತು ಗುರುತು ಮಾಡಿಡುತ್ತಾರೆ. ಮುಂಜಾನೆ ಗಂಡು ಸಾಲಿನ ಹೂ ಕಿತ್ತು ತಂದು ಅದರ ಪರಾಗವನ್ನು ಶಲಾಕೆಯ ತುದಿಗೆ ಸವರುತ್ತಾರೆ. ಅವರ ಬಾಯಲ್ಲಿ ಇದು ಕ್ರಾಸಿಂಗ್. ಒಂದೊಂದು ಹೂವಿಗೂ ಒಂದೊಂದು ಸಲ ಬೆರಳು ಮುಟ್ಟಬೇಕು. ಬೆರಳ ತುದಿಯೆಲ್ಲ ಹಳದಿ.

ಚಹಾ ಕುಡಿಯಲು ಬದುವಿಗೆ ಬಂದ ಹಿರಿಯಳೊಬ್ಬಳು ನನ್ನ ಚೀಲದಿಂದ ಹೊರಗೆ ಇಣುಕಿದ್ದ ಪುಸ್ತಕ ನೋಡಿ ಕೇಳಿದಳು.

‘ಏನ್ ಬುಕ್ಕರೀ ಅದು, ಇಟ್ಟಂಗಿ ಇದ್ದಂಗ ಐತಲ್ಲ?’

‘ಕಾದಂಬರಿ, ಯವ್ವಾ. ಇಂಗ್ಲೆಂಡಿನ ಒಬ್ಬ ಬಾಯಾರು ಬರದಿದ್ದು.’

‘ಯಾರ ಕತಿ?’

‘ರಾಜನ ಹಿಂದ ನಿಂತ ಒಬ್ಬ ಮಂತ್ರಿದು.’

‘ಹಂಗಂದ್ರ ರಾಜನ್ ಕತೀನ ಆತಲ್ಲ,’ ಎಂದು ಅವಳು ಕಪ್ಪು ಕೆಳಗಿಟ್ಟು ಎದ್ದು ಹೋದಳು.

ಆ ಪುಸ್ತಕ ಹಿಲರಿ ಮ್ಯಾಂಟೆಲ್ ಅವರ ‘ವುಲ್ಫ್ ಹಾಲ್’. 1952ರಲ್ಲಿ ಡರ್ಬಿಶೈರಿನಲ್ಲಿ ಹುಟ್ಟಿ, ಹತ್ತಿ ಗಿರಣಿಗಳ ಹಳ್ಳಿಯೊಂದರಲ್ಲಿ ಬೆಳೆದ ಮ್ಯಾಂಟೆಲ್ 2022ರಲ್ಲಿ ತೀರಿಕೊಂಡರು. ಪಟ್ನಿಯ ಕಮ್ಮಾರನ ಮಗನಾಗಿ ಹುಟ್ಟಿ, ಎಂಟನೆಯ ಹೆನ್ರಿಯ ಬಲಗೈಯಾಗಿ ಬೆಳೆದು, ಕೊನೆಗೆ ಅದೇ ರಾಜನ ಅಪ್ಪಣೆಯಿಂದ ತಲೆ ಕಳೆದುಕೊಂಡ ಥಾಮಸ್ ಕ್ರಾಮ್ವೆಲ್‌ನ ಬಾಳನ್ನು ಅವರು ಮೂರು ದೊಡ್ಡ ಸಂಪುಟಗಳಲ್ಲಿ ಬರೆದರು. ಮೊದಲನೆಯದು 2009ರಲ್ಲಿ, ಎರಡನೆಯದು 2012ರಲ್ಲಿ ಬಂದವು. ಎರಡಕ್ಕೂ ಬುಕರ್ ಪ್ರಶಸ್ತಿ. ಕೊನೆಯದು 2020ರಲ್ಲಿ ಬಂತು. ಐನೂರು ವರ್ಷದ ಹಿಂದಿನ ಒಂದು ಕೋಣೆಯೊಳಗೆ ನಮ್ಮನ್ನು ಕರೆದೊಯ್ದು, ಕ್ರಾಮ್ವೆಲ್‌ನ ಭುಜದ ಹಿಂದೆ ನಿಲ್ಲಿಸಿ, ಅವನ ಕಣ್ಣಿನಿಂದಲೇ ಎಲ್ಲವನ್ನೂ ನೋಡುವಂತೆ ಮಾಡುವುದು ಅವರ ವಿದ್ಯೆ. ರಾಜ ಏನು ಮಾಡುತ್ತಾನೆಂದು ನಮಗೆ ಚರಿತ್ರೆಯಿಂದ ಗೊತ್ತು. ಆದರೂ ಮುಂದಿನ ಪುಟ ತಿರುಗಿಸುವಾಗ ಎದೆ ಹೊಡೆದುಕೊಳ್ಳುತ್ತದೆ.

ಸಿಂಹಾಸನದ ಮೇಲೆ ಕೂತವನನ್ನು ಬಿಟ್ಟು ಅದರ ಹಿಂದೆ ನಿಂತವನನ್ನು ಹಿಡಿಯಬೇಕೆಂಬ ಈ ಯೋಚನೆ ನಮ್ಮ ಹಾವೇರಿ ಜಿಲ್ಲೆಯ ಒಬ್ಬ ಕುಲಕರ್ಣಿ ಮಾಸ್ತರರಿಗೆ ನೂರು ವರ್ಷದ ಹಿಂದೆಯೇ ಹೊಳೆದಿತ್ತು. ಗಂಟು ಹೊತ್ತು ತಿರುಗಿದವರೂ ಅವರೇ, ತಮ್ಮ ಊರಿನ ಹೆಸರಿನಿಂದಲೇ ಬರೆದ ಗಳಗನಾಥರು. ಅವರ ‘ಮಾಧವ ಕರುಣಾ ವಿಲಾಸ’ ವಿಜಯನಗರ ಹುಟ್ಟಿದ ಕಥೆ. ಹಕ್ಕ ಬುಕ್ಕರು ಅದರಲ್ಲಿದ್ದಾರೆ, ಕತ್ತಿ ಕುದುರೆಗಳಿವೆ. ಆದರೆ ಹೆಸರಿನಲ್ಲೇ ಕೂತಿರುವವರು ಮಾಧವರು, ಅಂದರೆ ವಿದ್ಯಾರಣ್ಯರು. ರಾಜ್ಯವನ್ನು ಕಟ್ಟಿಸಿ ತಾನು ಅದನ್ನು ಆಳದೆ ಉಳಿದ ಸನ್ಯಾಸಿ. ಹತ್ತಿ ಹೊಲದ ಬದುವಿನ ಮೇಲೆ ಈ ಎರಡು ಕಾದಂಬರಿಗಳು ನನ್ನ ಮನಸ್ಸಿನಲ್ಲಿ ಅಕ್ಕಪಕ್ಕ ಬಂದು ಕೂತದ್ದೇ ನಾನು ಗಳಗನಾಥಕ್ಕೆ ಹೊರಡಲು ಕಾರಣ.

ತುಮ್ಮಿನಕಟ್ಟಿ ಕಡೆಯಿಂದ ಬಂದ ಬಸ್ಸು ಹಿಡಿದು ಹಲಗೇರಿ ದಾಟಿ ರಾಣೇಬೆನ್ನೂರು ಮುಟ್ಟಿದೆ. ಅಲ್ಲಿಂದ ಗುತ್ತಲದ ದಾರಿ. ಮಳೆ ಚೆನ್ನಾಗಿ ಆಗಿತ್ತು. ಎರಿ ಹೊಲಗಳ ಕಪ್ಪು ಎಷ್ಟು ದಟ್ಟವಾಗಿತ್ತೆಂದರೆ ಅದರ ಮೇಲಿನ ಹಸಿರು ಕಣ್ಣಿಗೆ ಚುಚ್ಚುತ್ತಿತ್ತು. ದಾರಿಯಲ್ಲಿ ಬಳಸಿ ಚೌಡಯ್ಯದಾನಪುರಕ್ಕೂ ಹೋದೆ. ತುಂಗಭದ್ರೆಯ ದಂಡೆಯ ಮೇಲೆ ಮುಕ್ತೇಶ್ವರ ಗುಡಿ. ಹನ್ನೆರಡನೆಯ ಶತಮಾನದ ವಚನಕಾರ ಅಂಬಿಗರ ಚೌಡಯ್ಯನ ಹೆಸರು ಹೊತ್ತ ಊರು. ಗುತ್ತಲದಿಂದ ಆಳಿದ ಗುತ್ತ ಅರಸರು ತಮ್ಮ ವಂಶವನ್ನು ಉಜ್ಜಯಿನಿಯ ಗುಪ್ತರವರೆಗೆ ಒಯ್ದು ಶಾಸನಗಳಲ್ಲಿ ಹೇಳಿಕೊಂಡಿದ್ದಾರೆ. ಚರಿತ್ರೆ ಮತ್ತು ಕಥೆ ಇಷ್ಟು ಹತ್ತಿರ ಹತ್ತಿರ ಬೆಳೆದ ಸೀಮೆಯಲ್ಲಿ ಹುಟ್ಟಿದ ಹುಡುಗ ಐತಿಹಾಸಿಕ ಕಾದಂಬರಿ ಬರೆದದ್ದರಲ್ಲಿ ಆಶ್ಚರ್ಯವಿಲ್ಲ ಅನ್ನಿಸಿತು. ಆದರೆ ಆಶ್ಚರ್ಯ ಮುಂದೆ ಕಾದಿತ್ತು.

ಗಳಗನಾಥ ಊರಿನ ಅಂಚಿಗೆ ಬಂದಾಗ ಮೊದಲು ಕಂಡದ್ದು ಗಳಗೇಶ್ವರನ ಗುಡಿ. ಕಲ್ಯಾಣ ಚಾಲುಕ್ಯರ ಕಾಲದ್ದು, ಹನ್ನೊಂದನೆಯ ಶತಮಾನ. ಈ ಕಡೆಯ ಚಾಲುಕ್ಯ ಗುಡಿಗಳನ್ನು ನಾನು ಸಾಕಷ್ಟು ನೋಡಿದ್ದೇನೆ. ಹಾವೇರಿಯ ಸಿದ್ಧೇಶ್ವರ, ಹಾನಗಲ್ಲಿನ ತಾರಕೇಶ್ವರ, ಹರಳಹಳ್ಳಿಯ ಸೋಮೇಶ್ವರ. ಇಂಥದ್ದನ್ನು ಮಾತ್ರ ನೋಡಿರಲಿಲ್ಲ. ಗರ್ಭಗುಡಿಯ ಗೋಡೆ ನೆಲದಿಂದ ನೆಟ್ಟಗೆ ಏಳುವುದಿಲ್ಲ. ಅದರ ಸುತ್ತ ಭಾರೀ ಕಲ್ಲಿನ ಪೀಠ ಸಾಲು ಸಾಲಾಗಿ ಒಳಕ್ಕೆ ಸರಿಯುತ್ತ ಮೇಲೇರುತ್ತದೆ, ಪಿರಮಿಡ್ಡಿನ ಕೆಳಭಾಗವನ್ನು ಕಡಿದು ತಂದು ಗುಡಿಗೆ ಕಟ್ಟಿದ ಹಾಗೆ. ಪಕ್ಕದಲ್ಲೇ ಹೊಳೆ. ಮಳೆಗಾಲದಲ್ಲಿ ನೀರು ಎಷ್ಟು ಎತ್ತರಕ್ಕೆ ಬರುತ್ತದೆಂದು ದಂಡೆಯ ಮೇಲಿನ ಕಸಕಡ್ಡಿಯ ಗೆರೆಯೇ ಹೇಳುತ್ತಿತ್ತು. ಆ ಇಳಿಜಾರಿನ ಮೇಲೆ ಅಂಗೈ ಇಟ್ಟು ನಿಂತೆ. ಬಿಸಿಲಿಗೆ ಕಲ್ಲು ಬೆಚ್ಚಗಿತ್ತು, ಸಂದಿಯಲ್ಲಿ ಬೆರಳು ತೂರಲು ಜಾಗವಿರಲಿಲ್ಲ. ಒಂಬೈನೂರು ವರ್ಷಗಳ ಹೊಳೆಯ ಎದುರು ಇದು ಅಲುಗದೆ ನಿಂತಿದೆ.

ಗುಡಿಯಿಂದ ಮುಂದಕ್ಕೆ ನಡೆದರೆ ಸಂಗಮ. ಸಾಗರದ ಹತ್ತಿರದ ವರದಾಮೂಲದಲ್ಲಿ ಹುಟ್ಟಿ, ಬನವಾಸಿಯನ್ನು ಬಳಸಿ ಬಂದ ವರದೆ ಇಲ್ಲಿ ತುಂಗಭದ್ರೆಗೆ ಸೇರುತ್ತಾಳೆ. ಅಂದು ವರದೆಯ ನೀರು ಕೆಂಪಾಗಿತ್ತು. ತುಂಗಭದ್ರೆಯದು ಅಷ್ಟು ಕೆಂಪಿಲ್ಲ. ಸೇರಿದ ಮೇಲೂ ಸ್ವಲ್ಪ ದೂರ ಎರಡು ಬಣ್ಣ ಪಕ್ಕಪಕ್ಕದಲ್ಲಿ ಹರಿಯುತ್ತಿದ್ದವು. ಈ ನೀರು ಮುಂದೆ ಎಲ್ಲಿಗೆ ಹೋಗುತ್ತದೆಂದು ನೆನೆದಾಗ ನಾನು ನಿಂತಲ್ಲೇ ನಿಂತುಬಿಟ್ಟೆ. ಹಂಪಿಗೆ! ಕದಂಬರ ಬನವಾಸಿಯ ನೀರು ಈ ಊರಿನ ಕಟ್ಟೆಗೆ ತಾಗಿ ವಿರೂಪಾಕ್ಷನ ಗುಡಿಯ ಮುಂದೆ ಹೋಗುತ್ತದೆ. ಗಳಗನಾಥರು ಹುಡುಗನಾಗಿದ್ದಾಗ ಈಜಿದ್ದು ಇದೇ ನೀರಿನಲ್ಲಿರಬೇಕು. ದೊಡ್ಡವರಾದ ಮೇಲೆ ಅವರು ವಿಜಯನಗರದ ಹುಟ್ಟನ್ನು ‘ಮಾಧವ ಕರುಣಾ ವಿಲಾಸ’ದಲ್ಲಿ, ಅದರ ಕೊನೆಯನ್ನು, ಅಂದರೆ 1565ರ ರಕ್ಕಸತಂಗಡಿಯ ಯುದ್ಧವನ್ನು, ‘ಕನ್ನಡಿಗರ ಕರ್ಮಕಥೆ’ಯಲ್ಲಿ ಹೇಳಿದರು. ಅದಕ್ಕೆ ಅವರು ಹಂಪಿಯತ್ತ ಮುಖ ಮಾಡಬೇಕಾಗಿರಲಿಲ್ಲ, ಅವರ ಊರಿನ ಹೊಳೆಯೇ ಹಗಲೂ ರಾತ್ರಿ ಆ ದಿಕ್ಕಿಗೆ ಹರಿಯುತ್ತಿತ್ತು.

ಗುಡಿಯ ಕಟ್ಟೆಯ ಮೇಲೆ ಕೂತಿದ್ದ ಅಜ್ಜ ನನ್ನನ್ನು ಬಹಳ ಹೊತ್ತಿನಿಂದ ನೋಡುತ್ತಿದ್ದ.

‘ಎಲ್ಲಿಂದ ಬಂದ್ರಿ?’

‘ಕುಪ್ಪೇಲೂರಿಂದ ಬಂದೀನ್ರಿ ಅಜ್ಜಾರ.’

‘ಗುಡಿ ನೋಡಾಕೇನು?’

‘ಗುಡಿನೂ ಹೌದ್ರಿ. ಕಾದಂಬರಿ ಬರದ ಗಳಗನಾಥರ ಊರು ಅಂತ ಬಂದೆ.’

ಅಜ್ಜನ ಮುಖ ಅರಳಿತು. ‘ಕುಲಕರ್ಣ್ಯಾರು! ನಮ್ಮಪ್ಪಗ ಓದಾಕ ಬರ್ತಿರಲಿಲ್ಲ. ಸಾಲಿ ಕಲ್ತ ಹುಡುಗರನ್ನ ಕರದು ಕುಂದ್ರಿಸಿ ಅವರ ಪುಸ್ತಕ ಓದಸ್ತಿದ್ದ. ಹುಡುಗರು ಬ್ಯಾಸತ್ತು ಎದ್ರ ಶೇಂಗಾ ಕೊಟ್ಟು ಮತ್ತ ಕುಂದ್ರಸ್ತಿದ್ದ. ನಾ ಕೇಳಿದ್ದು ಹಂಗ.’

‘ಯಾವ ಪುಸ್ತಕ ಅಂತ ನೆನಪೈತೇನ್ರಿ?’

‘ಹೆಸರು ನೆನಪಿಲ್ಲ. ರಾಯರ ಸೋಲಿನ ಸುದ್ದಿ ಬಂದಾಗ ನಮ್ಮಪ್ಪ ಆ ರಾತ್ರಿ ಉಣಲಿಲ್ಲ. ಅದು ನೆನಪೈತಿ.’

ಒಂದು ಕಾದಂಬರಿಗೆ ಇದಕ್ಕಿಂತ ದೊಡ್ಡ ವಿಮರ್ಶೆ ನಾನು ಎಲ್ಲೂ ಓದಿಲ್ಲ. ರಕ್ಕಸತಂಗಡಿಯಲ್ಲಿ ಸೋತು ಮುನ್ನೂರೈವತ್ತಕ್ಕೂ ಹೆಚ್ಚು ವರ್ಷ ಕಳೆದ ಮೇಲೆ, ಅಕ್ಷರ ಬಾರದ ಒಬ್ಬ ಒಕ್ಕಲಿಗ ಆ ಸೋಲಿಗಾಗಿ ಉಪವಾಸ ಮಲಗಿದ.

ವೆಂಕಟೇಶ ತಿರಕೋ ಕುಲಕರ್ಣಿಯವರು ಹುಟ್ಟಿದ್ದು ಇದೇ ಊರಿನಲ್ಲಿ, 1869ರ ಜನವರಿಯಲ್ಲಿ. ಆಗ ಇದು ಮುಂಬಯಿ ಪ್ರಾಂತದ ಧಾರವಾಡ ಜಿಲ್ಲೆ. ಧಾರವಾಡದಲ್ಲಿ ಕಲಿತು ಕನ್ನಡ ಶಾಲೆಯ ಮಾಸ್ತರರಾದರು. ಆ ಕಾಲದ ಮುಂಬಯಿ ಕರ್ನಾಟಕದಲ್ಲಿ ಕನ್ನಡ ಮಾಸ್ತರನಾಗುವುದೆಂದರೆ ಬರೀ ನೌಕರಿಯಲ್ಲ. ಕಚೇರಿಯ ಭಾಷೆ, ಓದಿನ ಭಾಷೆ, ದೊಡ್ಡವರ ಮನೆಯ ಭಾಷೆ ಎಲ್ಲವೂ ಮರಾಠಿಯಾಗಿದ್ದ ಸೀಮೆಯಲ್ಲಿ ಡೆಪ್ಯುಟಿ ಚೆನ್ನಬಸಪ್ಪನವರಂಥವರು ಕನ್ನಡ ಶಾಲೆಗಳನ್ನು ತೆರೆಸಿ ಇನ್ನೂ ಹೆಚ್ಚು ಕಾಲವಾಗಿರಲಿಲ್ಲ. 1890ರಲ್ಲಿ ಧಾರವಾಡದಲ್ಲಿ ಕರ್ನಾಟಕ ವಿದ್ಯಾವರ್ಧಕ ಸಂಘ ಹುಟ್ಟಿತು. 1898ರಲ್ಲಿ ಗಳಗನಾಥರ ‘ಪ್ರಬುದ್ಧ ಪದ್ಮನಯನೆ’ ಬಂತು. ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’ ಮಂಗಳೂರಿನಲ್ಲಿ ಅಚ್ಚಾದದ್ದು ಅದರ ಮರುವರ್ಷ. ಕರಾವಳಿಯಲ್ಲೊಬ್ಬರು, ಬಯಲುಸೀಮೆಯಲ್ಲೊಬ್ಬರು, ಕನ್ನಡ ಕಾದಂಬರಿಯನ್ನು ಎರಡು ಕಡೆಯಿಂದ ಎಬ್ಬಿಸಿದರು. ಗಳಗನಾಥರು ಮುಂದೆ ನೌಕರಿ ಬಿಟ್ಟು ಪೂರ್ತಿ ಬರವಣಿಗೆಗೇ ಇಳಿದು ಇಪ್ಪತ್ತಕ್ಕೂ ಹೆಚ್ಚು ಕಾದಂಬರಿ ಬರೆದರು. ಅದರ ಜೊತೆಗೆ ಪುರಾಣ, ಜೀವನಚರಿತ್ರೆ, ಪ್ರಬಂಧ.

ಐತಿಹಾಸಿಕ ಕಾದಂಬರಿಯ ದಾರಿಯೂ ಒಂದು ದೊಡ್ಡ ಪ್ರವಾಸವೇ. 1814ರಲ್ಲಿ ಸ್ಕಾಟ್ಲೆಂಡಿನ ವಾಲ್ಟರ್ ಸ್ಕಾಟ್ ತನ್ನ ಹೆಸರು ಹಾಕದೆ ‘ವೇವರ್ಲಿ’ ಹೊರತಂದ. ಸೋತ ನಾಡೊಂದರ ಹಳೆಯ ಶೌರ್ಯವನ್ನು ಹೊಸ ಓದುಗರ ಮುಂದೆ ನಿಲ್ಲಿಸುವ ಆ ಬಗೆ ಬಂಗಾಳದಲ್ಲಿ ಬಂಕಿಮಚಂದ್ರರಿಗೆ, ಪುಣೆಯಲ್ಲಿ ಹರಿ ನಾರಾಯಣ ಆಪಟೆಯವರಿಗೆ ಒದಗಿತು. ಆಪಟೆಯವರ ಮರಾಠಿ ಕಾದಂಬರಿಗಳು ಗಳಗನಾಥರ ಕೈಗೆ ಬಂದವು. ‘ಕನ್ನಡಿಗರ ಕರ್ಮಕಥೆ’ಯ ಮೂಲ ಆಪಟೆಯವರ ‘ವಜ್ರಾಘಾತ’. ಇದನ್ನು ಮುಂದಿಟ್ಟು ಗಳಗನಾಥರನ್ನು ಬರೀ ಅನುವಾದಕರೆಂದು ಬದಿಗೆ ಸರಿಸುವವರಿದ್ದಾರೆ. ನಾನು ಒಪ್ಪುವುದಿಲ್ಲ. ಮರಾಠಿಯಲ್ಲಿ ಆ ಸೋಲು ಪಕ್ಕದ ನಾಡಿನದು. ಕನ್ನಡಕ್ಕೆ ಬಂದಾಗ ಅದು ಮನೆಯ ಸಾವು. 1900ರಲ್ಲಿ ರಾಬರ್ಟ್ ಸೀವೆಲ್ ಎಂಬ ಬ್ರಿಟಿಷ್ ಅಧಿಕಾರಿ ವಿಜಯನಗರದ ಚರಿತ್ರೆ ಬರೆದು, ಪೇಸ್ ಮತ್ತು ನೂನಿಜ್ ಎಂಬ ಪೋರ್ಚುಗೀಸರ ಬರಹಗಳನ್ನು ಇಂಗ್ಲಿಷಿಗೆ ತಂದ. 1917ರಲ್ಲಿ ಆಲೂರ ವೆಂಕಟರಾಯರ ‘ಕರ್ನಾಟಕ ಗತವೈಭವ’ ಬಂತು. ಓದು ಬಲ್ಲವರಿಗೆ ಅವೆರಡೂ ಸಾಕಾದವು. ಆದರೆ ಶೇಂಗಾ ಕೊಟ್ಟು ಓದಿಸಿ ಕೇಳುವವರಿಗೆ ವಿಜಯನಗರವನ್ನು ಮುಟ್ಟಿಸಿದ್ದು ಕಾದಂಬರಿ.

ಮ್ಯಾಂಟೆಲ್ ಮತ್ತು ಗಳಗನಾಥರು ಒಂದೇ ಬಗೆಯವರೆಂದು ನಾನು ಹೇಳುತ್ತಿಲ್ಲ. ಮ್ಯಾಂಟೆಲ್ ಕ್ರಾಮ್ವೆಲ್‌ನನ್ನು ಪ್ರೀತಿಸಿಯೂ ಅವನ ಕೈಗೆ ಅಂಟಿದ ರಕ್ತವನ್ನು ಒರೆಸುವುದಿಲ್ಲ. ಗಳಗನಾಥರಲ್ಲಿ ಒಳ್ಳೆಯವರು ಪೂರ್ತಿ ಒಳ್ಳೆಯವರು, ಕೆಟ್ಟವರು ಪೂರ್ತಿ ಕೆಟ್ಟವರು. ನಡುನಡುವೆ ಕಥೆ ನಿಲ್ಲಿಸಿ ಧರ್ಮದ ಮಾತು ಹೇಳುತ್ತಾರೆ, ವಾಕ್ಯಗಳು ಉದ್ದ, ಸಂಸ್ಕೃತದ ಭಾರವೂ ಇದೆ. ಇವತ್ತಿನ ಓದುಗರಿಗೆ ಮೊದಲ ಐವತ್ತು ಪುಟ ಕಷ್ಟವೇ. ಆದರೆ ಒಳಸಂಚು, ವೇಷ ಮರೆಸಿಕೊಂಡ ದೂತ, ಸುರಂಗ, ಕಾಣೆಯಾದ ಮಗು ಎಂದು ಗಂಟು ಹಾಕುತ್ತ ಹೋಗಿ, ಬಿಚ್ಚುವ ಹೊತ್ತಿಗೆ ಸರಿಯಾಗಿ ಬಿಚ್ಚುವ ಅವರ ಕಸುಬು ನಿಜವಾದ ಕಸುಬು. ಸತ್ತವರನ್ನು ಮಾತಾಡಿಸಲು ಅವರಿಗೆ ಸಂಕೋಚವಿರಲಿಲ್ಲ. ಮ್ಯಾಂಟೆಲ್ 2017ರಲ್ಲಿ ಬಿಬಿಸಿಯ ರೀತ್ ಉಪನ್ಯಾಸಗಳನ್ನು ಕೊಟ್ಟಾಗ ಆರಿಸಿಕೊಂಡ ವಿಷಯವೂ ಅದೇ, ಚರಿತ್ರೆಯ ಸತ್ತವರನ್ನು ಕಾದಂಬರಿ ಎಬ್ಬಿಸುವುದು ಹೇಗೆ ಎಂಬುದು.

ಸಂಜೆಗೆ ಮತ್ತೆ ಗುತ್ತಲಕ್ಕೆ ಬಂದು ಹಾವೇರಿಯ ದಾರಿ ಹಿಡಿದೆ. ದಾರಿಯಲ್ಲಿ ಅಗಡಿ. ಆನಂದವನದ ಮುಂದೆ ಇಳಿದು ಒಳಗೆ ಹೋದೆ. ಶೇಷಾಚಲ ಸದ್ಗುರುಗಳ ಆಶ್ರಮ ಇದು. 1907ರಲ್ಲಿ ‘ಸದ್ಬೋಧ ಚಂದ್ರಿಕೆ’ ಎಂಬ ಮಾಸಪತ್ರಿಕೆ ಇಲ್ಲಿಂದ ಹೊರಟಿತು. ಅದನ್ನು ಬೆಳೆಸಿದವರು ಗಳಗನಾಥರು. ಆ ಮರಗಳ ಕೆಳಗೆ ನಿಂತು ಲಂಡನ್ನನ್ನು ನೆನೆದೆ. ಅಲ್ಲಿ 1836ರಿಂದ ಡಿಕನ್ಸನ ‘ಪಿಕ್ವಿಕ್ ಪೇಪರ್ಸ್’ ತಿಂಗಳಿಗೊಂದು ಕಂತಾಗಿ, ಒಂದು ಶಿಲಿಂಗಿಗೆ ಒಂದರಂತೆ ಬಂತು. 1842ರಲ್ಲಿ ಮ್ಯೂಡಿಯ ಬಾಡಿಗೆ ಗ್ರಂಥಾಲಯ ಹುಟ್ಟಿ, ವರ್ಷಕ್ಕೆ ಒಂದು ಗಿನಿ ಕೊಟ್ಟವರಿಗೆ ಕಾದಂಬರಿಗಳನ್ನು ಎರವಲು ಕೊಡತೊಡಗಿತು. 1848ರಲ್ಲಿ ಡಬ್ಲ್ಯು. ಎಚ್. ಸ್ಮಿತ್ ಯೂಸ್ಟನ್ ರೈಲು ನಿಲ್ದಾಣದಲ್ಲಿ ಪುಸ್ತಕದಂಗಡಿ ಹಾಕಿತು. ಬರೆಯುವವ ಬರೆದರೆ ಸಾಕು, ಅಚ್ಚು ಹಾಕುವವರು, ಸಾಗಿಸುವವರು, ಮಾರುವವರು, ಬಾಡಿಗೆಗೆ ಕೊಡುವವರು ಬೇರೆ ಬೇರೆ ಇದ್ದರು. ಕನ್ನಡ ನೆಲದಲ್ಲಿ ಬಾಳಿದ ಬ್ರಿಟಿಷ್ ಕಾದಂಬರಿಕಾರನಿಗೂ ಅದೇ ಅನುಕೂಲ. ಮುಂದೆ ಸುರಪುರದ ಆಡಳಿತ ನೋಡಿದ ಮೆಡೋಸ್ ಟೇಲರ್ ಥಗ್ಗನೊಬ್ಬನ ತಪ್ಪೊಪ್ಪಿಗೆಯ ರೂಪದಲ್ಲಿ ಬರೆದ ಕಾದಂಬರಿ 1839ರಲ್ಲಿ ಲಂಡನ್ನಿನಲ್ಲೇ ಅಚ್ಚಾಯಿತು, ಅಲ್ಲೇ ಓದುಗರು ಸಿಕ್ಕರು.

ಅಗಡಿಯಲ್ಲಿ ಏನಿತ್ತು? ಇಷ್ಟೆಲ್ಲ ಕೆಲಸಕ್ಕೆ ಒಬ್ಬ ಮನುಷ್ಯ ಇದ್ದ. ಬರೆಯುವವನೂ ಅವನೇ, ಪತ್ರಿಕೆಯ ಹೊಣೆ ಹೊತ್ತವನೂ ಅವನೇ. ಟಪಾಲು ಮುಟ್ಟುವ ಕಡೆಗೆ ಪತ್ರಿಕೆ ಹೋಯಿತು. ಮುಟ್ಟದ ಕಡೆಗೆ, ಪುಸ್ತಕ ಕೊಳ್ಳುವ ರೂಢಿಯೇ ಇಲ್ಲದ ಮನೆಗಳಿಗೆ, ಗಂಟು ಹೊತ್ತು ಅವನೇ ಹೋದ. ಕಾದಂಬರಿ ಎಂದರೇನೆಂದು ಕೇಳಿರದವರ ಜಗಲಿಯ ಮೇಲೆ ಕೂತು ಅದನ್ನು ಬಿಚ್ಚಿದ. ಓದುಗರು ಇದ್ದರೆ ಬರೆಯಬಹುದಿತ್ತು. ಇಲ್ಲಿ ಓದುಗರನ್ನೇ ಮೊದಲು ಮಾಡಬೇಕಾಗಿತ್ತು. ಹತ್ತಿ ಹೊಲದಲ್ಲಿ ಹೂವಿಗೊಂದು ಸಲ ಮುಟ್ಟುತ್ತಿದ್ದ ಆ ಹಳದಿ ಬೆರಳುಗಳು ಕಣ್ಣಿಗೆ ಕಟ್ಟಿದವು. ಗಳಗನಾಥರ ಗ್ರಂಥರಾಶಿಗಿಂತ ಈ ನಡಿಗೆಯೇ ದೊಡ್ಡದೆಂದು ನನಗೆ ಅಂದು ಖಚಿತವಾಯಿತು. ಮುಂದೆ ಅ.ನ.ಕೃ., ಕಾರಂತ, ಕಟ್ಟೀಮನಿಯವರು ಬರೆಯುವ ಹೊತ್ತಿಗೆ ಕಾದಂಬರಿ ಕೇಳಿಕೊಂಡು ಬರುವ ಕನ್ನಡ ಜನ ಇದ್ದರು. ಆ ಜನರ ಅಜ್ಜಂದಿರ ಜಗಲಿಯ ಮೇಲೆ ಈ ಗಂಟು ಬಿಚ್ಚಿತ್ತು.

ಗಳಗನಾಥರು 1942ರ ಏಪ್ರಿಲ್‌ನಲ್ಲಿ ತೀರಿಕೊಂಡರು. ಎಂಬತ್ತು ವರ್ಷದ ಮೇಲೆ, 2023ರ ಜನವರಿಯಲ್ಲಿ, ಹಾವೇರಿಯಲ್ಲಿ ಎಂಬತ್ತಾರನೆಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ನಡೆಯಿತು. ಜನ ಟ್ರ್ಯಾಕ್ಟರು, ಟಂಟಂ ಹಿಡಿದು ಬಂದು ಪುಸ್ತಕದ ಮಳಿಗೆಗಳಲ್ಲಿ ಮುಗಿಬಿದ್ದರು. 2025ರ ಮೇ ತಿಂಗಳಲ್ಲಿ ಲಂಡನ್ನಿನಲ್ಲಿ ಬಾನು ಮುಷ್ತಾಕ್ ಅವರ ಕನ್ನಡ ಕಥೆಗಳಿಗೆ, ದೀಪಾ ಭಾಸ್ತಿಯವರ ಅನುವಾದದ ಮೂಲಕ, ಅಂತರರಾಷ್ಟ್ರೀಯ ಬುಕರ್ ಬಂತು. ಆ ಸುದ್ದಿ ಕೇಳಿದ ರಾತ್ರಿ ನಾವೆಲ್ಲ ಕುಣಿದಾಡಿದೆವು. ಸ್ಕಾಟನ ನಾಡಿನಿಂದ ಪುಣೆಯನ್ನು ಬಳಸಿ ಗಳಗನಾಥದವರೆಗೆ ಒಂದು ದಾರಿ ಬಂದಿತ್ತು. ಈಗ ಹಾಸನದಿಂದ ಥೇಮ್ಸ್ ದಂಡೆಗೆ ಇನ್ನೊಂದು ಹೋಗಿದೆ.

ನೋಡಬೇಕೆನ್ನುವವರು ಮಳೆ ನಿಂತು ಹೊಳೆ ಇನ್ನೂ ತುಂಬಿರುವಾಗ ಹೋಗಿ. ಹಾವೇರಿಯಿಂದ ಬರುವವರಿಗೆ ಅಗಡಿ ದಾರಿಯಲ್ಲೇ ಸಿಗುತ್ತದೆ, ರಾಣೇಬೆನ್ನೂರಿನಿಂದ ಬರುವವರು ಚೌಡಯ್ಯದಾನಪುರವನ್ನು ಬಿಡಬೇಡಿ. ಗುತ್ತಲದಲ್ಲಿ ಊಟ ಮುಗಿಸಿಕೊಂಡರೆ ಒಳ್ಳೆಯದು. ಗಳಗೇಶ್ವರನ ಗುಡಿಯ ಹಿಂಭಾಗಕ್ಕೆ ತಪ್ಪದೆ ಹೋಗಿ ಆ ಇಳಿಜಾರು ಪೀಠವನ್ನು ಸುತ್ತು ಹಾಕಿ. ಹೋಗುವ ಮುಂಚೆ ‘ಮಾಧವ ಕರುಣಾ ವಿಲಾಸ’ವನ್ನು ಎಲ್ಲಿಯಾದರೂ ಹುಡುಕಿ ತೆಗೆಯಿರಿ. ಹಳೆಯ ಗ್ರಂಥಾಲಯಗಳ ಕಪಾಟಿನಲ್ಲಿ ಇನ್ನೂ ಇದೆ. ಅದನ್ನು ಮೌನವಾಗಿ ಓದಿದರೆ ವಾಕ್ಯಗಳು ಭಾರವೆನಿಸುತ್ತವೆ. ಮನೆಯವರನ್ನು ಕೂಡಿಸಿಕೊಂಡು ಗಟ್ಟಿಯಾಗಿ ಓದಿ, ಅದನ್ನು ಬರೆದದ್ದೇ ಹಾಗೆ ಓದಿಸಿ ಕೇಳುವವರಿಗಾಗಿ.